ಕೊಳೆರೋಗಕ್ಕೆ ಬೇಲಿಯಿಲ್ಲ

(ಸಂಘದ ರಜತ ಮಹೋತ್ಸವದ ಅಂಗವಾಗಿ ನಡೆದ ರೈತ ಗೋಷ್ಠಿಯಲ್ಲಿ ಸಂಘದ ನಿರ್ದೇಶಕರೊಬ್ಬರು ಮಾಡಿದ ಭಾಷಣದ ಬರಹ ರೂಪ)



 ಅಧ್ಯಕ್ಷರು ನಮ್ಮನ್ನು ಕರೆದು "ಅಡಿಕೆ ಕೊಳೆರೋಗದ ಬಗ್ಗೆ ನೀವೇ ಮಾತಾಡಿ" ಅಂದಾಗ ಸ್ವಲ್ಪ ಹಿಂದೆ ಮುಂದೆ ನೋಡಿದೆವು. ನಾವು ಎಸ್.ಎಸ್.ಎಲ್.ಸಿ. ಮುಗಿಸಿ ಸೀದಾ ತೋಟಕ್ಕಿಳಿದವರು, ವಿಜ್ಞಾನಿಗಳಲ್ಲ. ಆದರೂ ಒಪ್ಪಿಕೊಂಡೆವು. ಯಾಕೆಂದರೆ ನಮ್ಮ ಸಂಘದ ಸಾಲ, ಉಳಿತಾಯ, ಗೊಬ್ಬರ, ಮಾರಾಟ ಎಲ್ಲವೂ ನಿಂತಿರುವುದು ಅಡಿಕೆ ಕೊನೆಯ ಮೇಲೆ. ಆಷಾಢ ಶ್ರಾವಣದಲ್ಲಿ ಆ ಕೊನೆ ಮರದಲ್ಲಿ ಉಳಿದರೆ ಯುಗಾದಿ ಹೊತ್ತಿಗೆ ಸಾಲದ ಕಂತು ತೀರುತ್ತದೆ. ಕೊನೆ ಉದುರಿದರೆ ಸದಸ್ಯನೂ ಸುಸ್ತಿ, ಸಂಘವೂ ಸುಸ್ತಿ. ಆದ್ದರಿಂದ ಇದು ತೋಟದ ಮಾತು ಎಷ್ಟೋ ಸಂಘದ ಮಾತೂ ಅಷ್ಟೇ.

ಕೊಳೆರೋಗ ಅಂದರೆ ಏನು ಅಂತ ಇಲ್ಲಿ ಕೂತಿರುವ ಯಾರಿಗೂ ಹೇಳಿಕೊಡಬೇಕಾಗಿಲ್ಲ. ಮಳೆ ಹಿಡಿದು ಕೆಲವು ವಾರದೊಳಗೆ ಕಾಯಿಯ ತೊಟ್ಟಿನ ಹತ್ತಿರ ಕಡು ಹಸಿರಿನ, ನೀರು ಕುಡಿದಂಥ ಕಲೆ ಬೀಳುತ್ತದೆ. ಆ ಕಲೆ ಹರಡಿ ಕಾಯಿಯ ಹೊಳಪು ಹೋಗುತ್ತದೆ, ಕಾಯಿ ತೊಟ್ಟು ಬಿಟ್ಟು ಉದುರುತ್ತದೆ. ಉದುರಿದ ಕಾಯಿಯ ಮೇಲೆ ಎರಡು ಮೂರು ದಿನದಲ್ಲಿ ಹತ್ತಿಯ ಹಾಗೆ ಬಿಳಿ ಬೂಷ್ಟು ಬೆಳೆಯುತ್ತದೆ. ಬೆಳಿಗ್ಗೆ ತೋಟಕ್ಕೆ ಹೋದರೆ ಮರದ ಬುಡದಲ್ಲಿ ಬಿಳಿ ಕಾಯಿ ಹಾಸಿಕೊಂಡು ಬಿದ್ದಿರುತ್ತವೆ. ಆ ಹೊತ್ತಿನ ಸಂಕಟ ನಮಗೆಲ್ಲ ಗೊತ್ತು. ಆದರೆ ಕಾಯಿಯನ್ನು ತಿಂದದ್ದು ಯಾರು, ಅದು ಎಲ್ಲಿಂದ ಬಂತು, ಹೇಗೆ ಬಂತು ಎನ್ನುವುದನ್ನು ನಾವು ಯಾರೂ ಬರಿಗಣ್ಣಿನಿಂದ ಕಂಡವರಲ್ಲ. ಕಾಣದ ಶತ್ರುವಿನ ನಡತೆ ತಿಳಿದರೆ ಮಾತ್ರ ಅದರ ಜೊತೆ ಹೋರಾಡಲು ಸಾಧ್ಯ. ಇವತ್ತಿನ ನಮ್ಮ ಮಾತು ಅಷ್ಟಕ್ಕೆ ಸೀಮಿತ.

ಹೆಸರಿನ ವಿಚಾರ

ಈ ರೋಗವನ್ನು ಉಂಟುಮಾಡುವ ಸೂಕ್ಷ್ಮ ಜೀವಿಯ ಕುಲಕ್ಕೆ ಫೈಟೊಫ್ತೊರಾ ಅಂತ ಹೆಸರು. ಗ್ರೀಕ್ ಭಾಷೆಯಲ್ಲಿ ಅದರ ಅರ್ಥ "ಗಿಡಗಳನ್ನು ನಾಶ ಮಾಡುವುದು" ಎಂದು. 1876ರಲ್ಲಿ ಜರ್ಮನಿಯ ಆಂಟನ್ ಡಿ ಬಾರಿ ಎಂಬ ವಿಜ್ಞಾನಿ ಈ ಹೆಸರು ಇಟ್ಟರು. ಮನುಷ್ಯರಲ್ಲಿ ಒಂದು ಮನೆತನದಲ್ಲಿ ಹತ್ತಾರು ಜನ ಇರುವ ಹಾಗೆ ಈ ಕುಲದಲ್ಲೂ ಬಹಳ ಜಾತಿಗಳಿವೆ. ನಮ್ಮ ಅಡಿಕೆಗೆ ಬರುವುದನ್ನು ಬಹಳ ಕಾಲ ಫೈಟೊಫ್ತೊರಾ ಅರೆಕೆ ಎಂದು ಕರೆಯುತ್ತಿದ್ದರು. ಈಚಿನ ಪರೀಕ್ಷೆಗಳಲ್ಲಿ ನಮ್ಮ ಕಡೆಯ ತೋಟಗಳಲ್ಲಿ ಹೆಚ್ಚಾಗಿ ಸಿಕ್ಕಿರುವುದು ಫೈಟೊಫ್ತೊರಾ ಮೀಡಿಯೈ ಎಂಬ ಜಾತಿ.

ಹಿಂದಿನಿಂದ ಇದನ್ನು ಶಿಲೀಂಧ್ರ ಅಂತಲೇ ಪುಸ್ತಕಗಳಲ್ಲಿ ಬರೆದಿದ್ದಾರೆ, ನಾವೂ ಹಾಗೇ ಕರೆಯುತ್ತೇವೆ. ಆದರೆ ಈಗಿನ ವಿಜ್ಞಾನಿಗಳು ಇದನ್ನು ನಿಜವಾದ ಶಿಲೀಂಧ್ರಗಳ ಸಾಲಿನಿಂದ ಬೇರೆ ಇಟ್ಟಿದ್ದಾರೆ. ಅಣಬೆ, ಬೂಷ್ಟು ಮುಂತಾದವುಗಳ ಜೀವಕೋಶದ ಗೋಡೆ ಕೈಟಿನ್ ಎಂಬ ವಸ್ತುವಿನಿಂದ ಆಗಿರುತ್ತದೆ. ಇದರ ಗೋಡೆಯಲ್ಲಿರುವುದು ಗಿಡಗಳಲ್ಲಿ ಇರುವಂಥ ಸೆಲ್ಯುಲೋಸ್. ಹುಟ್ಟಿನಿಂದ ಇದು ಸಮುದ್ರದ ಕಂದು ಪಾಚಿಗಳ ಬಳಗಕ್ಕೆ ಹತ್ತಿರ, ನೀರಿನ ಬೂಷ್ಟು ಅಂತ ಕರೆಯಬಹುದು. ಇದೇನು ಬರೀ ಪಂಡಿತರ ಚರ್ಚೆ ಅಂತ ತಾವು ಅಂದುಕೊಳ್ಳಬಾರದು. ಎರಡು ಕಾರಣಕ್ಕೆ ಇದು ನಮಗೂ ಬೇಕು. ಮೊದಲನೆಯದು, ಬೇರೆ ಶಿಲೀಂಧ್ರಕ್ಕೆ ಹೊಡೆಯುವ ಎಲ್ಲಾ ಔಷಧಿಯೂ ಇದಕ್ಕೆ ನಾಟುವುದಿಲ್ಲ. ಅಂಗಡಿಯಲ್ಲಿ ಕೊಟ್ಟಿದ್ದನ್ನೆಲ್ಲ ತಂದು ಹೊಡೆದರೆ ದುಡ್ಡು ದಂಡ. ಎರಡನೆಯದು, ನೀರಿಲ್ಲದೆ ಇದರ ಆಟ ನಡೆಯುವುದಿಲ್ಲ. ಅದನ್ನು ಮುಂದೆ ಹೇಳುತ್ತೇವೆ.

ಇನ್ನೊಂದು ಮಾತು. ನಮ್ಮ ಕನ್ನಡದ "ಕೊಳೆರೋಗ" ಎಂಬ ಶಬ್ದ ಇಂಗ್ಲಿಷ್ ಪುಸ್ತಕಗಳಿಗೂ ಹೋಗಿ ಸೇರಿದೆ. ಕಾಫಿ ಗಿಡದ ಎಲೆ ಕಪ್ಪಾಗಿ ಕೊಳೆತು ನೇತಾಡುವ ರೋಗ ಇದೆಯಲ್ಲ, ಅದು ಬೇರೆ ಶಿಲೀಂಧ್ರದ್ದು. ಇಂಗ್ಲೆಂಡಿನ ಕುಕ್ ಎಂಬ ವಿಜ್ಞಾನಿ 1876ರಲ್ಲಿ ಆ ಶಿಲೀಂಧ್ರಕ್ಕೆ ಪೆಲಿಕ್ಯುಲೇರಿಯಾ ಕೊಳೆರೋಗ ಎಂದೇ ನಾಮಕರಣ ಮಾಡಿದರು. ನಮ್ಮ ಹಿರಿಯರು ಅನುಭವಿಸಿದ ಕಷ್ಟದ ಹೆಸರು ಹೀಗೆ ಶಾಸ್ತ್ರದಲ್ಲಿ ಉಳಿಯಿತು.

ಮಳೆಯ ಮೇಲೆ ತಪ್ಪು ಹೊರಿಸುವುದು

ನಮ್ಮ ಕಡೆ ಒಂದು ಮಾತು ರೂಢಿಯಲ್ಲಿದೆ: "ಈ ವರ್ಷ ಮಳೆ ಜಾಸ್ತಿ, ಅದಕ್ಕೇ ಕೊಳೆ." ಈ ಮಾತು ಅರ್ಧ ಮಾತ್ರ ನಿಜ. ಮಳೆಯೇ ರೋಗ ಅಂತ ಒಪ್ಪಿಬಿಟ್ಟರೆ ನಾವು ಮಾಡುವುದಕ್ಕೆ ಏನೂ ಉಳಿಯುವುದಿಲ್ಲ, ಆಕಾಶ ನೋಡುತ್ತಾ ಕೂರಬೇಕಾಗುತ್ತದೆ. ಹೀಗೆ ಆಕಾಶ ನೋಡಿ ಕೂತ ಒಂದು ದೇಶದ ಕಥೆಯನ್ನು ತಮಗೆ ಹೇಳಬೇಕು. ಅದು ಇದೇ ಫೈಟೊಫ್ತೊರಾ ಕುಲದ ಕಥೆ.

ಐರ್ಲೆಂಡ್ ಎಂಬ ದೇಶದಲ್ಲಿ ಬಡ ರೈತರ ಊಟ ಅಂದರೆ ಆಲೂಗೆಡ್ಡೆ. ನಮಗೆ ಅನ್ನ ಇದ್ದ ಹಾಗೆ. ಅದರಲ್ಲೂ ಬಹುಪಾಲು ಜನ ಲಂಪರ್ ಎಂಬ ಒಂದೇ ತಳಿಯನ್ನು ಬೆಳೆಯುತ್ತಿದ್ದರು. 1845ರಲ್ಲಿ ಆಲೂಗೆಡ್ಡೆಯ ಎಲೆ ಕಪ್ಪಾಗಿ, ನೆಲದೊಳಗಿನ ಗೆಡ್ಡೆ ಕೊಳೆತು ನಾರತೊಡಗಿತು. 1846ರಲ್ಲಿ ಬೆಳೆ ಹೆಚ್ಚುಕಡಿಮೆ ಪೂರ್ತಿ ಹೋಯಿತು. ಮುಂದಿನ ವರ್ಷಗಳ ಹಸಿವು ಮತ್ತು ಜ್ವರದಲ್ಲಿ ಸುಮಾರು ಹತ್ತು ಲಕ್ಷ ಜನ ಸತ್ತರು. ಇನ್ನೂ ಹತ್ತು ಲಕ್ಷಕ್ಕೂ ಹೆಚ್ಚು ಜನ ಊರು ಬಿಟ್ಟು ಹಡಗು ಹತ್ತಿದರು. ಆಲೂಗೆಡ್ಡೆ ಒಂದೇ ಕಾರಣವಲ್ಲ, ಆಗಿನ ಸರ್ಕಾರದ ಕಲ್ಲು ಮನಸ್ಸು, ಜಮೀನ್ದಾರರ ಗೇಣಿ ಎಲ್ಲವೂ ಅದರಲ್ಲಿ ಸೇರಿತ್ತು.

ಆಗ ವಿದ್ಯಾವಂತರೇ ಏನೇನೋ ಹೇಳಿದರು. ಚಳಿ ಮಳೆ ಹೆಚ್ಚಾಗಿ ಗಿಡ ನೀರು ಕುಡಿದು ಕೊಳೆಯಿತು ಅಂದವರು ಹಲವರು. ಕೊಳೆತ ಗಿಡದ ಮೇಲೆ ಕಾಣುವ ಬೂಷ್ಟು ಆಮೇಲೆ ಬಂದದ್ದು, ರೋಗಕ್ಕೂ ಅದಕ್ಕೂ ಸಂಬಂಧವಿಲ್ಲ ಎಂಬುದು ಅವರ ವಾದ. ಬರ್ಕ್ಲಿ ಎಂಬ ಇಂಗ್ಲೆಂಡಿನ ಒಬ್ಬ ಪಾದ್ರಿ, ಬೂಷ್ಟುಗಳನ್ನು ಅಭ್ಯಾಸ ಮಾಡಿದವರು, 1846ರಲ್ಲೇ "ಆ ಬೂಷ್ಟೇ ರೋಗದ ಕಾರಣ" ಎಂದು ವಾದಿಸಿದರು. ಹೆಚ್ಚು ಜನ ನಂಬಲಿಲ್ಲ. 1861ರಲ್ಲಿ ಡಿ ಬಾರಿ ಅವರು ಪ್ರಯೋಗ ಮಾಡಿ ತೋರಿಸಿದ ಮೇಲೆ ಸಂದೇಹ ಹೋಯಿತು. ಮಳೆ ರೋಗವಲ್ಲ, ರೋಗ ಹತ್ತಿಕೊಂಡು ಬರುವ ಗಾಡಿ. ಗಾಡಿಯನ್ನು ನಿಲ್ಲಿಸಲು ನಮ್ಮಿಂದ ಆಗದು. ಆದರೆ ಗಾಡಿ ಹತ್ತುವವನನ್ನು ತಡೆಯಬಹುದು, ಇಳಿಯುವ ಜಾಗದಲ್ಲಿ ಬಾಗಿಲು ಹಾಕಿಕೊಳ್ಳಬಹುದು.

ಮಲೆನಾಡಿಗೆ ಬಂದ ಕೋಲ್ಮನ್ ಸಾಹೇಬರು

ನಮ್ಮ ನಾಡಿನಲ್ಲಿ ಈ ಬಾಗಿಲು ಹಾಕುವ ವಿದ್ಯೆಯನ್ನು ಶಾಸ್ತ್ರೀಯವಾಗಿ ತೋರಿಸಿದವರು ಡಾ. ಲೆಸ್ಲಿ ಕೋಲ್ಮನ್. ಕೆನಡಾ ದೇಶದವರು, 1908ರಲ್ಲಿ ಮೈಸೂರು ಸಂಸ್ಥಾನದ ಕೆಲಸಕ್ಕೆ ಬಂದರು, ಮುಂದೆ ಕೃಷಿ ಇಲಾಖೆಯ ನಿರ್ದೇಶಕರೂ ಆದರು. ಅವರು ಬಂದ ಹೊಸತರಲ್ಲಿ ಕೈಗೆತ್ತಿಕೊಂಡ ಕೆಲಸಗಳಲ್ಲಿ ನಮ್ಮ ಅಡಿಕೆಯ ಕೊಳೆರೋಗವೂ ಒಂದು. ಇದು ಫೈಟೊಫ್ತೊರಾದಿಂದ ಬರುವುದು ಎಂದು ಕಂಡುಹಿಡಿದು 1910ರಲ್ಲಿ ಇಲಾಖೆಯ ಮೂಲಕ ಪುಸ್ತಿಕೆ ಪ್ರಕಟಿಸಿದರು. ಬೋರ್ಡೋ ದ್ರಾವಣ ಹೊಡೆದರೆ ಕೊನೆ ಉಳಿಯುತ್ತದೆ ಎಂದು ತೋಟಗಳಲ್ಲೇ ಮಾಡಿ ತೋರಿಸಿದರು. ಮಲೆನಾಡಿನ ಮಳೆಗೆ ಔಷಧಿ ತೊಳೆದುಹೋಗಬಾರದು ಅಂತ ರಾಳ ಮತ್ತು ಸೋಡಾ ಕಾಯಿಸಿದ ಅಂಟನ್ನು ಸೇರಿಸುವ ಕ್ರಮವನ್ನೂ ಹೇಳಿಕೊಟ್ಟರು. ಇಂದಿಗೂ ನಮ್ಮಲ್ಲಿ ರಾಳ ಹಾಕುವ ಪದ್ಧತಿ ಇದೆ.

ಅದಕ್ಕೂ ಮೊದಲು ನಮ್ಮ ಹಿರಿಯರು ಕೈ ಕಟ್ಟಿ ಕೂತಿರಲಿಲ್ಲ. ಕರಡದ ಹುಲ್ಲಿನಿಂದಲೋ ಅಡಿಕೆ ಹಾಳೆಯಿಂದಲೋ ಕೊಟ್ಟೆ ಮಾಡಿ ಒಂದೊಂದು ಕೊನೆಗೂ ಕಟ್ಟುತ್ತಿದ್ದರು. ಕೊನೆಗೆ ನೀರು ಬೀಳದಿದ್ದರೆ ರೋಗವಿಲ್ಲ ಎಂಬುದು ಅವರಿಗೆ ಅನುಭವದಿಂದ ಗೊತ್ತಿತ್ತು. ಸೂಕ್ಷ್ಮದರ್ಶಕ ಇಲ್ಲದೆ ಅಷ್ಟು ಕಂಡುಕೊಂಡಿದ್ದರು ಎಂಬುದಕ್ಕೆ ನಾವು ಹೆಮ್ಮೆ ಪಡಬೇಕು. ಈಗ ಕೆಲವರು ಪ್ಲಾಸ್ಟಿಕ್ ಕೊಟ್ಟೆ ಕಟ್ಟುತ್ತಾರೆ, ಅದೂ ಅದೇ ವಿದ್ಯೆ.

ಕಾಣದವನ ದಿನಚರಿ

ಈಗ ಶತ್ರುವಿನ ನಡತೆ ನೋಡೋಣ. ಉದುರಿದ ಕಾಯಿಯ ಮೇಲಿನ ಬಿಳಿ ಬೂಷ್ಟಿನ ಎಳೆಗಳ ತುದಿಯಲ್ಲಿ ಸಣ್ಣ ಸಣ್ಣ ಚೀಲಗಳು ಹುಟ್ಟುತ್ತವೆ. ಸೂಕ್ಷ್ಮದರ್ಶಕದಲ್ಲಿ ನಿಂಬೆಹಣ್ಣಿನ ಆಕಾರದಲ್ಲಿ ಕಾಣುತ್ತವಂತೆ. ಒಂದು ಚೀಲದ ಉದ್ದ ಸುಮಾರು ಒಂದು ಮಿಲಿಮೀಟರಿನ ಇಪ್ಪತ್ತನೇ ಒಂದು ಪಾಲು, ಇಲ್ಲವೇ ಅದಕ್ಕೂ ಕಡಿಮೆ. ಗಾಳಿ ಮಳೆಗೆ ಈ ಚೀಲ ಹಾರಿ, ಸಿಡಿದು ಇನ್ನೊಂದು ಕೊನೆಯ ಮೇಲೆ ಬೀಳುತ್ತದೆ. ಅಲ್ಲಿ ಒಂದು ಹನಿ ನೀರು ಇದ್ದರೆ ಸಾಕು, ಚೀಲ ಒಡೆದು ಒಳಗಿನಿಂದ ಬೀಜಾಣುಗಳು ಹೊರಗೆ ಬರುತ್ತವೆ. ಪ್ರತಿಯೊಂದಕ್ಕೂ ಎರಡೆರಡು ಬಾಲ. ಆ ಬಾಲ ಆಡಿಸಿಕೊಂಡು ನೀರಿನಲ್ಲಿ ಮೀನಿನ ಮರಿ ಹಾಗೆ ಈಜುತ್ತವೆ. ಸ್ವಲ್ಪ ಹೊತ್ತು ಈಜಿ, ಕಾಯಿಯ ಮೇಲೆ ಅಂಟಿ ಕೂತು, ಮೊಳಕೆ ಬಿಟ್ಟು, ಸಿಪ್ಪೆಯನ್ನು ತೂರಿಕೊಂಡು ಒಳಗೆ ಹೋಗುತ್ತವೆ. ಇದಕ್ಕೆಲ್ಲ ದಿನಗಟ್ಟಲೆ ಬೇಡ, ಕೆಲವೇ ಗಂಟೆ ಸಾಕು. ಮಾರನೆಯ ವಾರ ಆ ಕಾಯಿಯ ಮೇಲೂ ಬೂಷ್ಟು, ಅದರ ಮೇಲೂ ಚೀಲಗಳು.

ಹವೆ ತಂಪಾಗಿ ಸುಮಾರು 20ರಿಂದ 23 ಡಿಗ್ರಿ ಇದ್ದು, ಗಾಳಿಯಲ್ಲಿ ತೇವಾಂಶ ಶೇಕಡಾ 90ಕ್ಕಿಂತ ಹೆಚ್ಚಿದ್ದು, ಮಧ್ಯೆ ಮಧ್ಯೆ ಬಿಸಿಲು ಕಂಡರೆ ಇದಕ್ಕೆ ಹಬ್ಬ. ನಮ್ಮ ಪುನರ್ವಸು, ಪುಷ್ಯ, ಆಶ್ಲೇಷ ಮಳೆಗಳು ಹೆಚ್ಚುಕಡಿಮೆ ಹಾಗೇ ಇರುತ್ತವೆ. ಮಳೆಗಾಲ ಮುಗಿದ ಮೇಲೆ ಇದು ಸಾಯುತ್ತದೆಯೇ ಅಂದರೆ ಇಲ್ಲ. ಬುಡದಲ್ಲಿ ಬಿಟ್ಟ ಕೊಳೆ ಅಡಿಕೆಯಲ್ಲಿ, ಮರದಲ್ಲೇ ಒಣಗಿ ನಿಂತ ಕೊನೆಯಲ್ಲಿ, ಸುಳಿ ಕೊಳೆತು ಸತ್ತ ಮರದ ತಲೆಯಲ್ಲಿ, ಮಣ್ಣಿನಲ್ಲಿ ಗಟ್ಟಿ ಕವಚದ ಬೀಜಾಣುಗಳಾಗಿ ಮಲಗಿರುತ್ತದೆ. ಮತ್ತೆ ಮಳೆ ಬಿದ್ದಾಗ ಏಳುತ್ತದೆ. ಹಾಗಾಗಿ ಕೊಳೆ ಕಾಯಿ ಹೆಕ್ಕದೆ ಬಿಟ್ಟ ತೋಟ ಮುಂದಿನ ವರ್ಷಕ್ಕೆ ಬೀಜ ಇಟ್ಟುಕೊಂಡ ಹಾಗೆ.

ಈ ಕುಲದ ಬಂಧು ಬಳಗವೂ ನಮ್ಮ ತೋಟದಲ್ಲೇ ಇದೆ. ಕಾಳುಮೆಣಸಿನ ಬಳ್ಳಿ ಇದ್ದಕ್ಕಿದ್ದಂತೆ ಎಲೆ ಉದುರಿಸಿ ಸೊರಗುತ್ತದಲ್ಲ, ಅದು ಫೈಟೊಫ್ತೊರಾ ಕ್ಯಾಪ್ಸಿಸಿ. ತೆಂಗಿನ ಸುಳಿ ಕೊಳೆಸುವುದು, ಕೋಕೋ ಕಾಯಿ ಕಪ್ಪು ಮಾಡುವುದು, ವೀಳ್ಯದೆಲೆ ಬಳ್ಳಿಯ ಬುಡ ಕೊಳೆಸುವುದು ಇದೇ ಮನೆತನದವರು. ಅಂದರೆ ತಾಂಬೂಲದ ಎಲೆ, ಅಡಿಕೆ ಎರಡಕ್ಕೂ ಒಂದೇ ಕುಲದ ಕಾಟ. ಹಾಸನದ ಕಡೆ ಆಲೂಗೆಡ್ಡೆಗೆ ಬರುವ ಅಂಗಮಾರಿ ರೋಗವೂ ಐರ್ಲೆಂಡಿಗೆ ಬಂದ ಅದೇ ಜಾತಿಯದ್ದು. ಆದರೆ ಈಚಿನ ವರ್ಷಗಳಲ್ಲಿ ಮಲೆನಾಡನ್ನು ಕಾಡುತ್ತಿರುವ ಅಡಿಕೆಯ ಎಲೆಚುಕ್ಕಿ ರೋಗ ಇದರದ್ದಲ್ಲ. ಅದು ಕೊಲೆಟೊಟ್ರೈಕಮ್ ಎಂಬ ಬೇರೆ ಶಿಲೀಂಧ್ರ ಕುಲದ್ದು. ಎರಡನ್ನೂ ಒಂದೇ ಅಂತ ತಿಳಿದು ಔಷಧಿ ಮಾಡಬಾರದು. ಸಂದೇಹ ಬಂದರೆ ತೋಟಗಾರಿಕೆ ಇಲಾಖೆಯವರನ್ನೋ ಶಿವಮೊಗ್ಗದ ಕೃಷಿ ಮತ್ತು ತೋಟಗಾರಿಕೆ ವಿಶ್ವವಿದ್ಯಾಲಯದವರನ್ನೋ ಕೇಳಬೇಕು.

ಬೋರ್ಡೋ ಮದ್ದಲ್ಲ, ಕಂಬಳಿ ಕೊಪ್ಪೆ

ಬೋರ್ಡೋ ಎಂಬುದು ಫ್ರಾನ್ಸ್ ದೇಶದ ಒಂದು ಊರಿನ ಹೆಸರು. ಅಲ್ಲಿ ದ್ರಾಕ್ಷಿ ತೋಟಗಳು ಬಹಳ. ರಸ್ತೆ ಬದಿಯ ದ್ರಾಕ್ಷಿಯನ್ನು ದಾರಿಹೋಕರು ಕೀಳಬಾರದು ಅಂತ ರೈತರು ಮೈಲುತುತ್ತ ಸುಣ್ಣ ಕಲಸಿ ಎರಚುತ್ತಿದ್ದರಂತೆ. ನೀಲಿ ಬಣ್ಣ ನೋಡಿ ವಿಷ ಅಂತ ಯಾರೂ ಮುಟ್ಟುತ್ತಿರಲಿಲ್ಲ. ಆಗ ದ್ರಾಕ್ಷಿಗೆ ಬೂಷ್ಟು ರೋಗ ಬಂದಿತ್ತು, ಅದೂ ಫೈಟೊಫ್ತೊರಾದ ದಾಯಾದಿಯೇ. 1882ರಲ್ಲಿ ಮಿಲಾರ್ಡೆ ಎಂಬ ಪ್ರಾಧ್ಯಾಪಕರು ರಸ್ತೆ ಬದಿಯ ಸಾಲಿಗೆ ಮಾತ್ರ ರೋಗ ಬಂದಿಲ್ಲ ಎಂಬುದನ್ನು ಗಮನಿಸಿದರು. ಪ್ರಯೋಗ ಮಾಡಿ 1885ರಲ್ಲಿ ಲೋಕಕ್ಕೆ ತಿಳಿಸಿದರು. ಕಳ್ಳರಿಗೆ ಹೆದರಿ ಮಾಡಿದ ಉಪಾಯ ಲೋಕದ ರೈತರಿಗೆ ಉಪಕಾರವಾಯಿತು.

ಶೇಕಡಾ ಒಂದರ ದ್ರಾವಣಕ್ಕೆ ಲೆಕ್ಕ ಸುಲಭ. 1 ಕೆ.ಜಿ. ಮೈಲುತುತ್ತ, 1 ಕೆ.ಜಿ. ಒಳ್ಳೆಯ ಸುಟ್ಟ ಸುಣ್ಣ, 100 ಲೀಟರ್ ನೀರು. ಮೈಲುತುತ್ತವನ್ನು 50 ಲೀಟರ್ ನೀರಿನಲ್ಲಿ ಬೇರೆ ಕರಗಿಸಬೇಕು. ಸುಣ್ಣವನ್ನು ಅರಳಿಸಿ, ಸೋಸಿ, ಇನ್ನೊಂದು 50 ಲೀಟರ್ ನೀರಿನಲ್ಲಿ ತಿಳಿ ಮಾಡಬೇಕು. ಆಮೇಲೆ ಮೈಲುತುತ್ತದ ನೀರನ್ನು ಸುಣ್ಣದ ನೀರಿಗೆ ನಿಧಾನವಾಗಿ ಹೊಯ್ಯುತ್ತಾ ಕೋಲಿನಿಂದ ಕದಡಬೇಕು. ತಿರುಗುಮುರುಗು ಮಾಡಬಾರದು. ಕಬ್ಬಿಣದ ಪಾತ್ರೆ ಬೇಡ, ಪ್ಲಾಸ್ಟಿಕ್ ಡ್ರಮ್ ಆಗಬಹುದು. ಹದ ನೋಡಲು ಉಜ್ಜಿ ಬೆಳಗಿದ ಕತ್ತಿಯನ್ನು ಸ್ವಲ್ಪ ಹೊತ್ತು ಅದ್ದಿ ತೆಗೆಯಿರಿ. ಕತ್ತಿಯ ಮೇಲೆ ತಾಮ್ರದ ಕೆಂಪು ಕೂತರೆ ಸುಣ್ಣ ಸಾಲದು ಅಂತ ಅರ್ಥ, ಇನ್ನಷ್ಟು ಸುಣ್ಣದ ನೀರು ಸೇರಿಸಿ. ಸುಣ್ಣ ಕಡಿಮೆಯಾದರೆ ಹಿಂಗಾರ, ಎಳೆ ಕಾಯಿ ಸುಡುತ್ತದೆ. ಮಾಡಿದ ದ್ರಾವಣವನ್ನು ಅದೇ ದಿನ ಮುಗಿಸಬೇಕು, ನಾಳೆಗೆ ಇಡಬಾರದು. ಉಳಿದದ್ದನ್ನು ಹಳ್ಳಕ್ಕೆ ಚೆಲ್ಲಬಾರದು, ತಾಮ್ರ ಮೀನಿಗೆ ವಿಷ.

ಇನ್ನು ಮುಖ್ಯವಾದ ಮಾತು. ಬೋರ್ಡೋ ರೋಗ ವಾಸಿ ಮಾಡುವ ಮದ್ದಲ್ಲ. ಕಾಯಿಯ ಮೇಲೆ ತೆಳ್ಳಗೆ ತಾಮ್ರದ ಪೊರೆ ಕೂರುತ್ತದೆ. ಬೀಜಾಣು ಬಂದು ಆ ಹನಿ ನೀರಿನಲ್ಲಿ ಈಜುವಾಗ ತಾಮ್ರ ತಾಗಿ ಸಾಯುತ್ತದೆ. ಒಳಗೆ ಹೊಕ್ಕ ಮೇಲೆ ಬೋರ್ಡೋ ಅದನ್ನು ಏನೂ ಮಾಡಲಾರದು. ಮಳೆಯಲ್ಲಿ ಪೂರ್ತಿ ನೆಂದ ಮೇಲೆ ಕಂಬಳಿ ಕೊಪ್ಪೆ ಹಾಕಿಕೊಂಡರೆ ಏನು ಬಂತು? ಹಾಗಾಗಿ ಮೊದಲ ಸಿಂಪಡಣೆ ಮೃಗಶಿರಾ ಮಳೆ ಹಿಡಿಯುವ ಮೊದಲು, ಅಂದರೆ ಮೇ ಕೊನೆ, ಜೂನ್ ಮೊದಲ ವಾರದೊಳಗೆ ಆಗಬೇಕು. ಎರಡನೆಯದು 40ರಿಂದ 45 ದಿನ ಬಿಟ್ಟು. ಮಳೆ ಎಳೆದರೆ ಮೂರನೆಯದು. ಪ್ರತಿ ಕೊನೆಯ ಎಲ್ಲಾ ಕಾಯಿಗೂ ತಾಗುವ ಹಾಗೆ ಹೊಡೆಯಬೇಕು. ಅದರ ಮೇಲೆ ಬೇಡದೆ ಹೊಡೆಯುವುದೂ ಬೇಡ, ತಾಮ್ರ ಮಣ್ಣಿನಲ್ಲಿ ಕರಗಿ ಹೋಗುವುದಿಲ್ಲ, ವರ್ಷದಿಂದ ವರ್ಷಕ್ಕೆ ಕೂಡುತ್ತಾ ಹೋಗುತ್ತದೆ. ಜೊತೆಗೆ ಬಸಿಗಾಲುವೆ ತೆಗೆದು ನೀರು ನಿಲ್ಲದ ಹಾಗೆ ಮಾಡಬೇಕು, ಉದುರಿದ ಕಾಯಿ ಹೆಕ್ಕಿ ತೋಟದಿಂದ ಹೊರಗೆ ಸಾಗಿಸಬೇಕು, ಸುಳಿ ಕೊಳೆತು ಸತ್ತ ಮರದ ತಲೆ ಕಡಿದು ಸುಡಬೇಕು.

ಪಕ್ಕದ ತೋಟದ ಪ್ರಶ್ನೆ

ಇಷ್ಟೆಲ್ಲ ಮಾಡಿದರೂ ಕೆಲವೊಮ್ಮೆ ಕೊಳೆ ಬರುತ್ತದೆ. ಯಾಕೆ? ಇಲ್ಲಿಗೆ ನಮ್ಮ ಮಾತಿನ ತಿರುಳಿಗೆ ಬಂದೆವು.

2018ರ ಮಳೆಗಾಲ ತಮಗೆಲ್ಲ ನೆನಪಿದೆ. ಕೊಡಗಿನಲ್ಲಿ ಗುಡ್ಡ ಕುಸಿದ ವರ್ಷ. ನಮ್ಮ ಕಡೆಯೂ ಹೊಳವೇ ಆಗಲಿಲ್ಲ. ನಮ್ಮ ಕೇರಿಯ ಕೆಳಗಿನ ಸಾಲಿನಲ್ಲಿ ಒಂದರ ಪಕ್ಕ ಒಂದು ತೋಟಗಳಿವೆ. ನಡುವಿನ ಒಂದು ಸಣ್ಣ ತೋಟಕ್ಕೆ ಎರಡನೇ ಔಷಧಿ ಬೀಳಲಿಲ್ಲ. ಆ ಮನೆಯಲ್ಲಿ ಇರುವುದು ವಯಸ್ಸಾದ ಒಬ್ಬ ತಾಯಿ. ಮಕ್ಕಳು ಬೆಂಗಳೂರಿನಲ್ಲಿ. ಔಷಧಿ ಹೊಡೆಯುವವರಿಗೆ ಹೇಳಿ ಕಳಿಸಿದರು, ಅವರು ದೊಡ್ಡ ತೋಟಗಳ ಕೆಲಸ ಮುಗಿಸಿ ಬರುತ್ತೇವೆ ಅಂದರು, ಅಷ್ಟರಲ್ಲಿ ಮಳೆ ಕೂತಿತು. ಮೊದಲು ಆ ತೋಟದಲ್ಲಿ ಕಾಯಿ ಉದುರಿತು. ಆಮೇಲೆ ಗಾಳಿ ಬೀಸಿದ ಕಡೆಯ ತೋಟಗಳಲ್ಲಿ, ಹೊತ್ತಿಗೆ ಸರಿಯಾಗಿ ಹೊಡೆದಿದ್ದರೂ, ಅಂಚಿನ ಸಾಲುಗಳ ಕೊನೆ ಕರಗಿತು. ನಲವತ್ತು ದಿನದ ಮಳೆಗೆ ಸವೆದ ಪೊರೆ, ಪಕ್ಕದಿಂದ ದಿನಾ ಬರುವ ಬೀಜಾಣುವಿನ ಹೊರೆ, ಎರಡೂ ಸೇರಿದರೆ ಯಾವ ಔಷಧಿ ತಡೆದೀತು?

ಆಮೇಲೆ ಆದದ್ದು ರೋಗಕ್ಕಿಂತ ಕೆಟ್ಟದ್ದು. ಪಕ್ಕದ ತೋಟದವರು ಆ ತಾಯಿಯ ಅಂಗಳಕ್ಕೆ ಹೋಗಿ "ನಿಮ್ಮಿಂದ ನಮ್ಮ ಕೊನೆ ಹೋಯ್ತು" ಅಂದರು. ಆ ತಾಯಿ "ಮರ ಹತ್ತುವವರು ಬರದಿದ್ರೆ ಈ ವಯಸ್ಸಲ್ಲಿ ನಾನು ಹತ್ತಲಾ ಮಾರಾಯಾ?" ಅಂತ ಕೇಳಿದರು. ಅದಕ್ಕೆ ಯಾರ ಹತ್ತಿರವೂ ಉತ್ತರ ಇರಲಿಲ್ಲ. ಎರಡು ಮನೆಯವರು ಆ ವರ್ಷ ದೀಪಾವಳಿಗೆ ಒಬ್ಬರ ಮನೆಗೆ ಒಬ್ಬರು ಹೋಗಲಿಲ್ಲ. ತಲೆಮಾರಿನಿಂದ ಒಂದೇ ಹಳ್ಳದ ನೀರು ಸರದಿ ಮೇಲೆ ಕಟ್ಟಿಕೊಂಡು ಬಂದ ಮನೆಗಳು. ಯಾರ ಮೇಲೂ ತಪ್ಪು ಹೊರಿಸಲು ಇದನ್ನು ಹೇಳುತ್ತಿಲ್ಲ. ತಪ್ಪು ಆ ತಾಯಿಯದ್ದೂ ಅಲ್ಲ, ಬೈದವರದ್ದೂ ಅಲ್ಲ. ಕೊಳೆರೋಗಕ್ಕೆ ಬೇಲಿ ಗೊತ್ತಿಲ್ಲ, ನಾವು ಮಾತ್ರ ಔಷಧಿಯನ್ನು ಬೇಲಿ ನೋಡಿ ಹೊಡೆಯುತ್ತಿದ್ದೇವೆ. ತೊಂದರೆ ಇರುವುದು ಅಲ್ಲಿ.

ಅದಕ್ಕಾಗಿ ಈ ಸಲದ ಸರ್ವಸದಸ್ಯರ ಸಭೆಯ ಮುಂದೆ ಒಂದು ಸೂಚನೆ ಇಟ್ಟಿದ್ದೇವೆ. ಮೊದಲನೆಯದಾಗಿ, ಸಂಘವು ಬಸವ ಜಯಂತಿಯ ಹೊತ್ತಿಗೆ ಮೈಲುತುತ್ತ, ಸುಣ್ಣ, ರಾಳ ದಾಸ್ತಾನು ಮಾಡಿ ಸದಸ್ಯರಿಗೆ ಹಂಚಬೇಕು. ಎರಡನೆಯದಾಗಿ, ಔಷಧಿ ಹೊಡೆಯುವ ಸರದಿಯನ್ನು ಮನೆ ನೋಡಿ ಅಲ್ಲ, ತೋಟದ ಸಾಲು ನೋಡಿ ಹಾಕಬೇಕು. ಒಂದು ಸಾಲಿಗೆ ಇಳಿದರೆ ಆ ಸಾಲಿನ ಅರ್ಧ ಎಕರೆಯವರದ್ದೂ ಐದು ಎಕರೆಯವರದ್ದೂ ಒಟ್ಟಿಗೆ ಮುಗಿಸಿಯೇ ಮುಂದಿನ ಸಾಲಿಗೆ ಹೋಗಬೇಕು. ಮೂರನೆಯದಾಗಿ, ಆಗಲೇ ಕೈಯಲ್ಲಿ ದುಡ್ಡಿಲ್ಲದವರ ಖರ್ಚನ್ನು ಸಂಘ ಹಾಕಿ, ಅಡಿಕೆ ಮಾರಾಟದ ಹೊತ್ತಿಗೆ ಖಾತೆಯಲ್ಲಿ ಮುರಿದುಕೊಳ್ಳಬೇಕು. ನಾಲ್ಕನೆಯದಾಗಿ, ಮರ ಹತ್ತುವವರಿಗೆ ಸಂಘದ ಖರ್ಚಿನಲ್ಲಿ ಅಪಘಾತ ವಿಮೆ ಮಾಡಿಸಬೇಕು. ನಮ್ಮ ಕೊನೆ ಉಳಿಸುವುದಕ್ಕೆ ಒದ್ದೆ ಮರದ ತುದಿಯಲ್ಲಿ ಜೀವ ಒತ್ತೆ ಇಡುವವರು ಅವರು. ಈಗ ನೆಲದಿಂದಲೇ ಹೊಡೆಯುವ ಕಾರ್ಬನ್ ಫೈಬರ್ ದೋಟಿ ಬಂದಿದೆ, ಬಹಳ ಅನುಕೂಲ. ಆದರೆ ಅದರಲ್ಲಿ ಕರೆಂಟು ಹರಿಯುತ್ತದೆ. ತೋಟದ ಮೇಲೆ ತಂತಿ ಹೋಗಿದ್ದ ಕಡೆ ಅದನ್ನು ಎತ್ತಲೇಬಾರದು. ಈ ಮಾತನ್ನು ದಯವಿಟ್ಟು ಯಾರೂ ಹಗುರವಾಗಿ ತೆಗೆದುಕೊಳ್ಳಬೇಡಿ.

ಕೆಲವು ಸದಸ್ಯರು ಇದಕ್ಕೆ ಆಕ್ಷೇಪ ಎತ್ತಿದ್ದಾರೆ, ಅದು ಅವರ ಹಕ್ಕು. "ನಮ್ಮ ತೋಟ ನಮ್ಮಿಷ್ಟ, ಸರದಿ ಯಾಕೆ ಕಾಯಬೇಕು" ಅಂತ ಒಂದು ಮಾತು. ತೋಟ ಅವರದ್ದೇ, ಯಾರೂ ಅಲ್ಲ ಅನ್ನುವುದಿಲ್ಲ. ಆದರೆ ಅವರ ತೋಟದ ಮೇಲೆ ಬೀಸುವ ಗಾಳಿ ಪಕ್ಕದವರ ತೋಟ ದಾಟಿ ಬಂದದ್ದು. ನೀರಿನ ಸರದಿಗೆ ಒಪ್ಪಿದವರು ಔಷಧಿಯ ಸರದಿಗೆ ಒಪ್ಪಲಾಗದೇ? "ಔಷಧಿ ದುಡ್ಡು ತಿರುಗಿ ಬರದಿದ್ದರೆ ಸಂಘಕ್ಕೆ ನಷ್ಟ" ಅಂತ ಇನ್ನೊಂದು ಮಾತು. ಈ ಮಾತಿಗೆ ತೂಕ ಇದೆ. ಆದರೆ ಕೊನೆಯೇ ಉದುರಿ ಹೋದ ಸದಸ್ಯನಿಂದ ಬೆಳೆಸಾಲ ವಸೂಲಾಗುವುದು ಹೇಗೆ? ಒಂದು ಡ್ರಮ್ ಬೋರ್ಡೋ ಉಳಿಸಲು ಹೋಗಿ ಸಾಲದ ಅಸಲಿಗೇ ಕೈ ಹಾಕಿಕೊಂಡ ಹಾಗಾಗುತ್ತದೆ. "ಬೆಳೆ ವಿಮೆ ಇದೆಯಲ್ಲ" ಅನ್ನುವವರೂ ಇದ್ದಾರೆ. ಹವಾಮಾನ ಆಧಾರಿತ ವಿಮೆ ಮಾಡಿಸಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಅದು ಮಳೆ ಅಳತೆ ನೋಡಿ ಹಣ ಕೊಡುತ್ತದೆ, ನಿಮ್ಮ ಮರ ನೋಡಿ ಅಲ್ಲ. ವಿಮೆ ಹಣ ಕೊಟ್ಟೀತು, ಬುಡದಲ್ಲಿ ಬಿದ್ದ ಕೊಳೆ ಕಾಯಿಯನ್ನು ಹೆಕ್ಕಲಾರದು.

ಬಂಧುಗಳೇ, ಸಹಕಾರ ಅನ್ನುವುದು ನಮ್ಮ ನಾಡಿಗೆ ಹೊಸತಲ್ಲ. 1905ರಲ್ಲಿ ಗದಗ ಹತ್ತಿರದ ಕಣಗಿನಹಾಳದಲ್ಲಿ ಸಿದ್ಧನಗೌಡ ಪಾಟೀಲರು ರೈತರನ್ನು ಸೇರಿಸಿ ಸಂಘ ಕಟ್ಟಿದರು. ಒಬ್ಬನಿಗೆ ಸಾಲ ಕೊಡಲು ಹತ್ತು ಜನ ಹೊಣೆ ನಿಲ್ಲುವುದು ಅದರ ಮೂಲ. ಸಾಲಕ್ಕೆ ಹೊಣೆ ನಿಂತ ನಾವು ಈಗ ಒಬ್ಬರ ಕೊನೆಗೆ ಇನ್ನೊಬ್ಬರು ಹೊಣೆ ನಿಲ್ಲಬೇಕಾದ ಕಾಲ ಬಂದಿದೆ. ಇಪ್ಪತ್ತೈದು ವರ್ಷದಲ್ಲಿ ನಮ್ಮ ಸಂಘ ಕಟ್ಟಡ ಕಟ್ಟಿತು, ಗೋದಾಮು ಕಟ್ಟಿತು, ಠೇವಣಿ ಬೆಳೆಸಿತು. ಇದೆಲ್ಲ ಕಣ್ಣಿಗೆ ಕಾಣುವಂಥದ್ದು. ಕಣ್ಣಿಗೆ ಕಾಣದ ಒಂದು ಜೀವಿಯ ವಿರುದ್ಧ ಊರೆಲ್ಲ ಒಂದೇ ವಾರದಲ್ಲಿ ತೋಟಕ್ಕೆ ಇಳಿಯುವ ಶಿಸ್ತು ಬಂದರೆ ಅದು ಈ ಕಟ್ಟಡಕ್ಕಿಂತ ದೊಡ್ಡ ಆಸ್ತಿ.

ಮುಂಗಾರಿಗೆ ಇನ್ನೂ ಸಮಯವಿದೆ. ಸೂಚನೆಯ ಪ್ರತಿಗಳು ಕಛೇರಿಯಲ್ಲಿ ಇವೆ. ತಾವೆಲ್ಲ ಓದಿ, ಮನೆಯಲ್ಲಿ ಹೆಂಗಸರ ಜೊತೆಯೂ ಚರ್ಚೆ ಮಾಡಿ, ಕೊರತೆ ಇದ್ದರೆ ಸಭೆಯಲ್ಲಿ ತಿದ್ದುಪಡಿ ಹೇಳಿ. ಬೇಡ ಅಂತ ಸಭೆ ತೀರ್ಮಾನಿಸಿದರೆ ಅದಕ್ಕೂ ತಲೆ ಬಾಗುತ್ತೇವೆ. ಆದರೆ ಒಂದು ವಿನಂತಿ. ಸಭೆ ಏನೇ ತೀರ್ಮಾನ ಮಾಡಲಿ, ಈ ವರ್ಷ ಮೊದಲ ಔಷಧಿ ಹೊಡೆಯುವ ದಿನ ತಮ್ಮ ತೋಟದ ಎರಡೂ ಪಕ್ಕ ಒಮ್ಮೆ ನೋಡಿ. ಅಲ್ಲಿ ಕೈಲಾಗದವರ ತೋಟ ಇದ್ದರೆ ಹೊಡೆಯುವವರನ್ನು ಇನ್ನೂ ಅರ್ಧ ದಿನ ನಿಲ್ಲಿಸಿಕೊಂಡು ಅದನ್ನೂ ಮುಗಿಸಿ ಕಳಿಸಿ. ಅದು ದಾನ ಅಲ್ಲ, ನಮ್ಮದೇ ಕೊನೆಗೆ ಕಟ್ಟಿದ ಕೊಟ್ಟೆ.



ಜೈ ಹಿಂದ್. ಜೈ ಕರ್ನಾಟಕ. ಜೈ ಸಹಕಾರ.